ಲೋಕಾಪವಾದಕ್ಕೆ ಗುರಿಯಾದ ಹಾಸ್ಯನಟ

ಮೂಕಚಿತ್ರಗಳ ಕಾಲದಲ್ಲಿ ಲೋಕವನ್ನು ನಗಿಸಿದವರು ಯಾರೆಂದು ಕೇಳಿದರೆ, ನಮ್ಮ ವಾಚಕರಲ್ಲಿ ಬಹುಮಂದಿ ಚಾರ್ಲಿ ಚಾಪ್ಲಿನ್ನನ ಹೆಸರನ್ನು ತಡೆಯಿಲ್ಲದೆ ಹೇಳುವರು. ಚಲಚ್ಚಿತ್ರದ ಪರಿಚಯ ಇನ್ನೂ ಹೆಚ್ಚಾಗಿರುವ ಕೆಲವರು ಬಸ್ಟರ್ ಕೀಟನ್ನನನ್ನೂ ಹೆರಾಲ್ಡ್ ಲಾಯ್ಡನನ್ನೂ ನೆನೆಯಬಹುದು. ಚಾಪ್ಲಿನ್ನನಿಗಿಂತ ಮೊದಲೇ ಚಿತ್ರರಂಗದಲ್ಲಿ ಕಾಲೂರಿ, ಕೀಟನ್ನನನ್ನು ಕೈಹಿಡಿದು ಚಿತ್ರಶಾಲೆಗೆ ಕರೆತಂದು, ಖ್ಯಾತಿಯಲ್ಲಿಯೂ ಸಂಪಾದನೆಯಲ್ಲಿಯೂ ಒಮ್ಮೆ ಅಗ್ರಪಂಕ್ತಿಯಲ್ಲಿದ್ದ ರಾಸ್ಕೋ ಆರ್ಬಕಲ್ಲನ ಹೆಸರನ್ನು ಹೇಳುವವರು ವಿರಳ. ಹೇಳಿದರೂ ಅದು ಆತನ ನಟನೆಗಾಗಿ ಅಲ್ಲ, ಆತನ ಮೇಲೆ ಬಂದ ಒಂದು ಆರೋಪಕ್ಕಾಗಿ. ಆ ಆರೋಪದಿಂದ ನ್ಯಾಯಸ್ಥಾನವು 1922ನೆಯ ಇಸವಿಯಲ್ಲಿಯೇ ಆತನನ್ನು ಬಿಡುಗಡೆಮಾಡಿತು. ಲೋಕವು ಮಾತ್ರ ಬಿಡುಗಡೆಮಾಡಲಿಲ್ಲ. ಇದು ಹೇಗಾಯಿತೆಂಬ ವಿಷಯವು ಸಿನೆಮಾ ನೋಡುವವರಿಗಿಂತ ಪತ್ರಿಕೆಯನ್ನು ಓದುವವರಿಗೂ ಅದನ್ನು ನಡೆಸುವವರಿಗೂ ಹೆಚ್ಚು ಸಂಬಂಧಪಟ್ಟದ್ದೆಂದು ನಾವು ಭಾವಿಸುತ್ತೇವೆ. ಆದುದರಿಂದ ಆತನ ಚರಿತ್ರೆಯನ್ನು ಮೊದಲಿನಿಂದ ಇಲ್ಲಿ ನಿರೂಪಿಸುತ್ತೇವೆ.

ರಾಸ್ಕೋ ಆರ್ಬಕಲ್ಲನು 1887ನೆಯ ಇಸವಿ ಮಾರ್ಚಿ 24ನೆಯ ತಾರೀಖು ಅಮೆರಿಕಾದ ಕಾನ್ಸಾಸ್ ಸಂಸ್ಥಾನದ ಸ್ಮಿತ್ ಸೆಂಟರ್ ಎಂಬ ಸಣ್ಣ ಊರಿನಲ್ಲಿ ಹುಟ್ಟಿದನು. ಹುಟ್ಟುವಾಗಲೇ ಅಸಾಧಾರಣ ದಪ್ಪವಾಗಿದ್ದ ಆ ಮಗುವು ತನ್ನದೇ ಎಂದು ನಂಬಲು ತಂದೆಯ ಮನಸ್ಸು ಒಪ್ಪಲಿಲ್ಲ. ತನಗೆ ಸ್ವಲ್ಪವೂ ಹಿಡಿಸದ ರಾಸ್ಕೋ ಕಾಂಕ್ಲಿಂಗ್ ಎಂಬ ರಾಜಕಾರಣಿಯ ಹೆಸರನ್ನೇ ಅವನು ಮಗುವಿಗೆ ಇಟ್ಟನಂತೆ. ಹೀಗೆ ಯಾವ ಅಪರಾಧವನ್ನೂ ಮಾಡದೆ ಅಪವಾದವನ್ನು ಹೊರುವುದು ಆತನಿಗೆ ತೊಟ್ಟಿಲಲ್ಲಿಯೇ ಆರಂಭವಾಯಿತು. ಸಂಸಾರವು ಬಳಿಕ ಕ್ಯಾಲಿಫೋರ್ನಿಯಾಕ್ಕೆ ಬಂದು ನೆಲಸಿತು. ಸುಮಾರು ಹನ್ನೆರಡನೆಯ ವಯಸ್ಸಿನಲ್ಲಿ ಹುಡುಗನು ತಾಯಿಯನ್ನು ಕಳೆದುಕೊಂಡನು. ತಂದೆಯು ಪೋಷಣೆಯ ಹೊಣೆಯನ್ನು ಹೊರಲಿಲ್ಲ. ಹೋಟೆಲೊಂದರಲ್ಲಿ ಚಿಲ್ಲರೆ ಕೆಲಸಗಳನ್ನು ಮಾಡಿ ಹೊಟ್ಟೆಹೊರೆದುಕೊಳ್ಳುತ್ತ, ಕೆಲಸದ ನಡುವೆ ಹಾಡಿಕೊಳ್ಳುತ್ತಿದ್ದ ಆ ಹುಡುಗನ ಕಂಠವು ಇಂಪಾಗಿತ್ತು. ಆ ಕಂಠವೇ ಆತನನ್ನು ರಂಗಭೂಮಿಗೆ ತಂದಿತು. 1904ರಲ್ಲಿ ಸಿಡ್ ಗ್ರಾಮನ್ ಎಂಬ ನಾಟಕಶಾಲೆಯ ಯಜಮಾನನು ಆತನನ್ನು ಸಾನ್ ಫ್ರಾನ್ಸಿಸ್ಕೊ ನಗರದಲ್ಲಿ ಹಾಡುವುದಕ್ಕೆ ಕರೆದನು. ಮುಂದೆ ಊರೂರು ತಿರುಗುವ ಮಂಡಲಿಗಳಲ್ಲಿ ಹಾಡು, ಕುಣಿತ, ಲಾಗಗಳಲ್ಲಿ ಆತನು ಪಳಗಿದನು. 1908ರಲ್ಲಿ ಸಹನಟಿಯಾದ ಮಿಂಟಾ ಡರ್ಫಿಯನ್ನು ವಿವಾಹವಾದನು.

ಆ ಕಾಲದಲ್ಲಿ ಚಲಚ್ಚಿತ್ರವು ಇನ್ನೂ ಕೂಸು. 1912ರಲ್ಲಿ ಮ್ಯಾಕ್ ಸೆನೆಟ್ ಎಂಬಾತನು ಲಾಸ್ ಏಂಜಲ್ಸಿನ ಬಳಿ ಕೀಸ್ಟೋನ್ ಎಂಬ ಕಂಪನಿಯನ್ನು ಕಟ್ಟಿ, ಕಿರುಹಾಸ್ಯಚಿತ್ರಗಳನ್ನು ವಾರವಾರವೂ ತಯಾರಿಸಿ ಹೊರಡಿಸತೊಡಗಿದನು. ಒಂದು ಸುರುಳಿ ಎಂದರೆ ಸುಮಾರು ಸಾವಿರ ಅಡಿ ಉದ್ದದ ಫಿಲ್ಮು. ಅದನ್ನು ತೋರಿಸಲು ಹತ್ತು ಹದಿನೈದು ನಿಮಿಷ ಸಾಕು. ಮಾತಿಲ್ಲ, ದೊಡ್ಡ ಕಥೆಯಿಲ್ಲ. ಓಟ, ಬೀಳಾಟ, ಬೆನ್ನಟ್ಟುವ ಪೊಲೀಸರು, ಮುಖಕ್ಕೆ ತೂರಿಬರುವ ಹಣ್ಣಿನ ಕಡುಬು, ಇವೇ ಅವುಗಳ ಸರ್ವಸ್ವ. ಈ ಬಗೆಯ ಹಾಸ್ಯಕ್ಕೆ ಇಂಗ್ಲಿಷಿನಲ್ಲಿ ಸ್ಲಾಪ್‌ಸ್ಟಿಕ್ ಎಂದು ಹೆಸರು. ಪೂರ್ವದಲ್ಲಿ ಇಟಲಿ ದೇಶದ ಹಾಸ್ಯನಾಟಕಗಳಲ್ಲಿ ವಿದೂಷಕರು ಎರಡು ಮರದ ಪಟ್ಟಿಗಳನ್ನು ಜೋಡಿಸಿದ ಕೋಲಿನಿಂದ ಒಬ್ಬರನ್ನೊಬ್ಬರು ಬಡಿಯುತ್ತಿದ್ದರು. ಪಟ್ಟಿಗಳು ಒಂದಕ್ಕೊಂದು ತಗುಲಿ ಶಬ್ದವು ಭಾರಿಯಾಗುತ್ತಿತ್ತು, ಪೆಟ್ಟು ಮಾತ್ರ ಹಗುರ. ಆ ಕೋಲಿನ ಹೆಸರೇ ಈ ಹಾಸ್ಯಕ್ಕೆ ಬಂದಿತು. ಸದ್ದು ದೊಡ್ಡದು, ನೋವು ಇಲ್ಲ. ಬಿದ್ದವನು ಮೈಕೊಡವಿಕೊಂಡು ಏಳುತ್ತಾನೆ. ಈ ಭರವಸೆಯಿರುವುದರಿಂದಲೇ ಪರರ ಬೀಳಾಟಕ್ಕೆ ನಾವು ನಿಶ್ಚಿಂತೆಯಿಂದ ನಗಬಲ್ಲೆವು.

1913ರಲ್ಲಿ ಆರ್ಬಕಲ್ಲನು ದಿನಕ್ಕೆ 3 ಡಾಲರು ಕೂಲಿಗೆ ಈ ಕಂಪನಿಯನ್ನು ಸೇರಿದನು. ಸುಮಾರು 300 ಪೌಂಡಿನ ದೇಹ. ಆದರೆ ಅದು ಚೆಂಡಿನಂತೆ ಪುಟಿಯುತ್ತಿತ್ತು. ಹಿಂದುಮುಂದಾಗಿ ಲಾಗಹಾಕುವುದರಲ್ಲಿಯೂ, ಓಡುವುದರಲ್ಲಿಯೂ, ನರ್ತಕನಂತೆ ಹೆಜ್ಜೆಯಿಡುವುದರಲ್ಲಿಯೂ ಸಣ್ಣ ಮೈಯವರು ಆತನಿಗೆ ಸರಿಗಟ್ಟಲಾರದೆ ಹೋದರು. ಒಂದೊಂದು ಕೈಯಲ್ಲಿ ಒಂದೊಂದು ಕಡುಬನ್ನು ಹಿಡಿದು, ಏಕಕಾಲಕ್ಕೆ ಎರಡು ದಿಕ್ಕುಗಳಿಗೆ ಎಸೆದು, ಎರಡನ್ನೂ ಗುರಿಮುಟ್ಟಿಸುತ್ತಿದ್ದನೆಂದು ಪ್ರತೀತಿಯಿದೆ. ಪ್ರೇಕ್ಷಕರು ಆತನನ್ನು ಫ್ಯಾಟಿ, ಅಂದರೆ ಡುಮ್ಮ, ಎಂದು ಕರೆದರು. ಆ ಹೆಸರು ಆತನಿಗೆ ಎಂದೂ ಪ್ರಿಯವಾಗಿರಲಿಲ್ಲ; ಚಿತ್ರಶಾಲೆಯ ಹೊರಗೆ ಹಾಗೆ ಕರೆದವರಿಗೆ ತನಗೊಂದು ಹೆಸರಿದೆಯೆಂದು ತಿಳಿಸುತ್ತಿದ್ದನು. ಬಾಗಿಲಲ್ಲಿ ಸಿಕ್ಕಿಕೊಳ್ಳುವುದು, ಕುರ್ಚಿಯಲ್ಲಿ ಸಿಲುಕಿ ಒದ್ದಾಡುವುದು ಮುಂತಾದ, ಕೇವಲ ದಪ್ಪ ಮೈಯನ್ನು ತೋರಿಸಿ ನಗಿಸುವ ಸುಲಭೋಪಾಯಕ್ಕೆ ಆತನು ಒಪ್ಪುತ್ತಿರಲಿಲ್ಲ. ದೇಹವನ್ನು ಹಾಸ್ಯಕ್ಕೆ ಸಾಧನವನ್ನಾಗಿ ಮಾಡಿಕೊಂಡನೇ ಹೊರತು ಹಾಸ್ಯಾಸ್ಪದವನ್ನಾಗಿ ಮಾಡಲಿಲ್ಲ.

ಮೇಬೆಲ್ ನಾರ್ಮಂಡ್ ಎಂಬ ಚತುರೆಯಾದ ನಟಿಯೊಡನೆ ಆತನು ಅಭಿನಯಿಸಿದ ಚಿತ್ರಗಳು ಬಹು ಜನಪ್ರಿಯವಾದುವು. 1913ರ ಒಂದು ಚಿತ್ರದಲ್ಲಿ ಆಕೆಯು ಆತನ ಮುಖಕ್ಕೆ ಎಸೆದ ಕಡುಬು ಈ ಸಂಪ್ರದಾಯದ ಮೊದಲ ಕಡುಬುಗಳಲ್ಲಿ ಒಂದೆಂದು ಹೆಸರಾಗಿದೆ. 1916ರಲ್ಲಿ ಆತನೇ ನಿರ್ದೇಶಿಸಿದ ಮತ್ತೊಂದು ಚಿತ್ರದಲ್ಲಿ ನವದಂಪತಿಗಳ ಮನೆಯು ರಾತ್ರಿಯ ಹೊತ್ತು ಸಮುದ್ರದಲ್ಲಿ ತೇಲಿಹೋಗುತ್ತದೆ. ಮಂಚಗಳು ನೀರಿನ ಮೇಲೆ ತೊಟ್ಟಿಲಂತೆ ತೂಗುತ್ತವೆ. ಅದೇ ಚಿತ್ರದಲ್ಲಿ, ಮಲಗಿರುವ ಹೆಂಡತಿಯನ್ನು ಎಚ್ಚರಗೊಳಿಸದಂತೆ ಗಂಡನ ನೆರಳು ಮಾತ್ರ ಬಾಗಿ ಆಕೆಯ ಕೆನ್ನೆಗೆ ಮುತ್ತಿಡುತ್ತದೆ. ಗದ್ದಲದ ನಡುವೆ ಇಂತಹ ಕೋಮಲವಾದ ಒಂದು ಕ್ಷಣವನ್ನು ಇಡಬಲ್ಲವನು ಬರಿಯ ಕೋಡಂಗಿಯಲ್ಲ, ಕಲಾವಿದನು. ಚಾಪ್ಲಿನ್ನನು 1914ರಲ್ಲಿ ಅದೇ ಚಿತ್ರಶಾಲೆಯಲ್ಲಿ ತನ್ನ ಅಲೆಮಾರಿಯ ವೇಷವನ್ನು ಕಟ್ಟಿದಾಗ ತೊಟ್ಟ ದೊಗಳೆ ಷರಾಯಿಯು ಆರ್ಬಕಲ್ಲನದು. ಇಬ್ಬರೂ ಆ ವರ್ಷ ಕೆಲವು ಚಿತ್ರಗಳಲ್ಲಿ ಜೊತೆಯಾಗಿ ನಟಿಸಿದರು.

1917ರಲ್ಲಿ ಜೋಸೆಫ್ ಷೆಂಕ್ ಎಂಬ ಬಂಡವಾಳಗಾರನ ನೆರವಿನಿಂದ ಆರ್ಬಕಲ್ಲನು ಕೊಮಿಕ್ ಎಂಬ ಸ್ವಂತ ಕಂಪನಿಯನ್ನು ಪಡೆದನು. ಅದರ ಮೊದಲ ಚಿತ್ರವನ್ನು ನ್ಯೂಯಾರ್ಕಿನಲ್ಲಿ ತೆಗೆಯುತ್ತಿದ್ದಾಗ, ನಾಟಕಮಂಡಲಿಯಿಂದ ಬಂದಿದ್ದ ಬಸ್ಟರ್ ಕೀಟನ್ ಎಂಬ ತರುಣನನ್ನು ತನ್ನೊಡನೆ ನಟಿಸಲು ಆಹ್ವಾನಿಸಿದನು. ಆ ದೃಶ್ಯವು ಇಂದಿಗೂ ಉಳಿದಿದೆ. ಕೀಟನ್ನನು ಅಂಗಡಿಗೆ ಕಾಕಂಬಿ ಕೊಳ್ಳಲು ಬಂದು ನಾಣ್ಯವನ್ನು ಪಾತ್ರೆಯೊಳಗೇ ಹಾಕುತ್ತಾನೆ. ಅದನ್ನರಿಯದೆ ಅಂಗಡಿಯವನಾದ ಆರ್ಬಕಲ್ಲನು ಕಾಕಂಬಿಯನ್ನು ತುಂಬಿಬಿಡುತ್ತಾನೆ. ನಾಣ್ಯವನ್ನು ತೆಗೆಯಲು ಕಾಕಂಬಿಯನ್ನು ಗಿರಾಕಿಯ ಟೊಪ್ಪಿಗೆಯೊಳಗೇ ಸುರಿಯುತ್ತಾನೆ. ಟೊಪ್ಪಿಗೆಯು ತಲೆಗೂ ಕಾಲು ನೆಲಕ್ಕೂ ಅಂಟಿಕೊಂಡ ಮೇಲೆ ನಡೆಯುವ ಪೇಚಾಟವನ್ನು ವರ್ಣಿಸುವುದಕ್ಕಿಂತ ನೋಡುವುದೇ ಲೇಸು. ಕ್ಯಾಮರಾದ ಮರ್ಮವನ್ನೂ ದೃಶ್ಯವನ್ನು ಹೆಣೆಯುವ ಕ್ರಮವನ್ನೂ ತಾನು ಆರ್ಬಕಲ್ಲನಿಂದಲೇ ಕಲಿತೆನೆಂದು ಕೀಟನ್ನನು ಕಡೆಯವರೆಗೂ ಕೃತಜ್ಞತೆಯಿಂದ ಹೇಳುತ್ತಿದ್ದನು. ಅದೇ ವರ್ಷದ ಇನ್ನೊಂದು ಚಿತ್ರದಲ್ಲಿ ಆರ್ಬಕಲ್ಲನು ಎರಡು ಮುಳ್ಳುಚಮಚಗಳಿಗೆ ಎರಡು ರೊಟ್ಟಿಯ ಉಂಡೆಗಳನ್ನು ಚುಚ್ಚಿ, ಮೇಜಿನ ಮೇಲೆ ಪುಟ್ಟ ಪಾದಗಳಂತೆ ನಡೆಯಿಸಿದನು. ಇದೇ ತಂತ್ರವನ್ನು 1925ರಲ್ಲಿ ಚಾಪ್ಲಿನ್ನನು ಬೆಳಸಿ ತೋರಿಸಿದಾಗ ಲೋಕವು ಬೆರಗಾಯಿತು. ಅಷ್ಟರಲ್ಲಿ ಮೊದಲು ಮಾಡಿದವನ ಹೆಸರನ್ನು ಹೇಳಲು ಜನರು ಹಿಂಜರಿಯುತ್ತಿದ್ದರು.

1918ರಲ್ಲಿ ಪ್ಯಾರಮೌಂಟ್ ಸಂಸ್ಥೆಯು ಮೂರು ವರ್ಷಕ್ಕೆ 30 ಲಕ್ಷ ಡಾಲರುಗಳ ಕರಾರನ್ನು ಮಾಡಿಕೊಂಡಿತು. 1921ರಲ್ಲಿ ವರ್ಷಕ್ಕೆ ಸುಮಾರು 10 ಲಕ್ಷ ಡಾಲರುಗಳಂತೆ ಅದನ್ನು ನವೀಕರಿಸಿತು. ದಿನಕ್ಕೆ 3 ಡಾಲರಿನಿಂದ ಈ ಮಟ್ಟಕ್ಕೆ ಏರಲು ಎಂಟೇ ವರ್ಷಗಳು ಸಾಕಾದುವು. ಕಿರುಚಿತ್ರಗಳನ್ನು ಬಿಟ್ಟು ಆತನು ದೀರ್ಘಚಿತ್ರಗಳಿಗೆ ಕೈಹಾಕಿದನು. ಬಿಡುವಿಲ್ಲದ ದುಡಿಮೆಯ ಅನಂತರ ಸೆಪ್ಟೆಂಬರಿನ ಮೊದಲ ವಾರದ ರಜಾದಿನಗಳನ್ನು ಕಳೆಯಲು ಇಬ್ಬರು ಮಿತ್ರರೊಡನೆ ಮೋಟಾರಿನಲ್ಲಿ ಸಾನ್ ಫ್ರಾನ್ಸಿಸ್ಕೊಗೆ ಹೋಗಿ, ಸೇಂಟ್ ಫ್ರಾನ್ಸಿಸ್ ಹೋಟೆಲಿನಲ್ಲಿ ಇಳಿದುಕೊಂಡನು.

1921ನೆಯ ಇಸವಿ ಸೆಪ್ಟೆಂಬರು 5ನೆಯ ತಾರೀಖು ಆ ಕೋಣೆಗಳಲ್ಲಿ ಒಂದು ಗೋಷ್ಠಿ ನಡೆಯಿತು. ಅಮೆರಿಕಾದಲ್ಲಿ ಆಗ ಪಾನನಿರೋಧವು ಜಾರಿಯಲ್ಲಿದ್ದರೂ ಅಲ್ಲಿ ಮದ್ಯವು ಹರಿಯಿತು. ಇದನ್ನು ನಾವು ಮರೆಮಾಚುವುದಿಲ್ಲ. ಆತನು ಈ ತಪ್ಪಿಗಾಗಿ ಮುಂದೆ 500 ಡಾಲರು ದಂಡವನ್ನೂ ತೆತ್ತನು. ಗೋಷ್ಠಿಗೆ ಬಂದವರಲ್ಲಿ ವರ್ಜೀನಿಯಾ ರ‍್ಯಾಪಿ ಎಂಬ ನಟಿಯೊಬ್ಬಳಿದ್ದಳು. ಆಕೆಗೆ ಅಲ್ಲಿ ತೀವ್ರವಾದ ಹೊಟ್ಟೆನೋವು ಬಂದಿತು. ಕುಡಿತದ ಅಮಲೆಂದು ಎಣಿಸಿ ಅದನ್ನು ಮೊದಲು ಯಾರೂ ದೊಡ್ಡದು ಮಾಡಲಿಲ್ಲ. ನಾಲ್ಕು ದಿನಗಳ ಮೇಲೆ, 9ನೆಯ ತಾರೀಖು, ಆಕೆಯು ತೀರಿಕೊಂಡಳು. ಮೂತ್ರಕೋಶವು ಒಡೆದು ಉದರದ ಒಳಪೊರೆಗೆ ಉರಿಯೂತ ಹತ್ತಿದುದೇ ಮರಣಕ್ಕೆ ಕಾರಣವೆಂದು ವೈದ್ಯರು ಕಂಡರು. ಆಕೆಯ ಜೊತೆಯಲ್ಲಿ ಬಂದಿದ್ದ ಮಾಡ್ ಡೆಲ್ಮಾಂಟ್ ಎಂಬ ಹೆಂಗಸು, ಆರ್ಬಕಲ್ಲನು ಬಲಾತ್ಕಾರ ಮಾಡಿದುದರಿಂದಲೇ ಇದು ಆಯಿತೆಂದು ಪೊಲೀಸರಿಗೆ ಹೇಳಿಕೆಕೊಟ್ಟಳು. ಲಾಸ್ ಏಂಜಲ್ಸಿಗೆ ಮರಳಿದ್ದ ಆರ್ಬಕಲ್ಲನು ಸುದ್ದಿತಿಳಿದು ತಾನಾಗಿಯೇ ಸಾನ್ ಫ್ರಾನ್ಸಿಸ್ಕೊಗೆ ಹಿಂದಿರುಗಿ ಪೊಲೀಸರ ಮುಂದೆ ಹಾಜರಾದನು. ಕೊಲೆಯ ಆಪಾದನೆಯ ಮೇಲೆ ಆತನನ್ನು ಸೆರೆಯಲ್ಲಿಟ್ಟರು. ಸೆಪ್ಟೆಂಬರು 28ರಂದು ನ್ಯಾಯಾಧೀಶನು ಆಪಾದನೆಯನ್ನು, ಕೊಲ್ಲುವ ಉದ್ದೇಶವಿಲ್ಲದ ನರಹತ್ಯೆಯೆಂಬ ಮಟ್ಟಕ್ಕೆ ಇಳಿಸಿ ಜಾಮೀನನ್ನು ಕೊಟ್ಟನು.

ವಿಚಾರಣೆಯು ನವೆಂಬರು 14ರಂದು ಆರಂಭವಾಯಿತು. ಆದರೆ ಪತ್ರಿಕೆಗಳ ವಿಚಾರಣೆಯು ಅದಕ್ಕೆ ಎರಡು ತಿಂಗಳ ಮೊದಲೇ ಮುಗಿದು ತೀರ್ಪೂ ಹೊರಬಿದ್ದಿತ್ತು. ವಿಲಿಯಂ ರ‍್ಯಾಂಡಾಲ್ಫ್ ಹರ್ಸ್ಟನ ಒಡೆತನದಲ್ಲಿದ್ದ ಪತ್ರಿಕೆಗಳು ಇದರಲ್ಲಿ ಮುಂದಾಳುಗಳಾಗಿದ್ದುವು. ಬಹುಮಂದಿ ಸ್ಪರ್ಧಿಗಳೂ ಹಿಂದೆ ಬೀಳಲಿಲ್ಲ. ದಿನಕ್ಕೊಂದು ಹೊಸ ಕಥೆ, ಪ್ರತಿ ಕಥೆಗೂ ಮೊದಲ ಪುಟದಲ್ಲಿ ದಪ್ಪಕ್ಷರದ ಶಿರೋನಾಮೆ. ಆತನ ದೇಹದ ತೂಕವು, ನಿನ್ನೆಯವರೆಗೆ ಮಕ್ಕಳನ್ನು ನಗಿಸಿದ ಅದೇ ತೂಕವು, ಆ ಹೆಣ್ಣನ್ನು ಕೊಂದ ಆಯುಧವೆಂದು ವರ್ಣಿತವಾಯಿತು. ಇಲ್ಲಿ ಬರೆಯಲು ಯೋಗ್ಯವಲ್ಲದ, ಯಾವ ಸಾಕ್ಷಿಯೂ ನ್ಯಾಯಸ್ಥಾನದಲ್ಲಿ ಹೇಳದ, ಹೇಸಿಗೆಯ ಗಾಳಿಮಾತುಗಳು ಊರೂರು ಹಬ್ಬಿದುವು. ಹಲವು ಪಟ್ಟಣಗಳಲ್ಲಿ ಆತನ ಚಿತ್ರಗಳನ್ನು ತೆರೆಯಿಂದ ಇಳಿಸಿದರು. ಪತ್ರಿಕಾವ್ಯವಸಾಯವನ್ನು ಬಲ್ಲ ನಮಗೆ ಇದರ ಮರ್ಮವು ಅಪರಿಚಿತವಲ್ಲ. ಆರೋಪವು ಬಿಸಿಯಾಗಿ ಮಾರುವ ಸರಕು; ಸಂಜೆಯ ಹೊತ್ತಿಗೆ ಪ್ರತಿಗಳು ಉಳಿಯುವುದಿಲ್ಲ. ಅದನ್ನು ನಿಧಾನವಾಗಿ ಪರೀಕ್ಷಿಸಿ ನಾಳೆ ಅಚ್ಚುಹಾಕೋಣವೆನ್ನುವ ಸಂಪಾದಕನಿಗೆ, ನೆರೆಯ ಪತ್ರಿಕೆಯು ಇಂದೇ ಮಾರಿಬಿಡುವುದೆಂಬ ಭಯವು ಬೆನ್ನಹಿಂದೆ ನಿಂತಿರುತ್ತದೆ. ಆ ಭಯವನ್ನು ಗೆಲ್ಲದವನು ಸಂಪಾದಕನ ಕುರ್ಚಿಗೆ ಯೋಗ್ಯನಲ್ಲ.

ಮೊಕದ್ದಮೆಯನ್ನು ನಡೆಯಿಸಿದ ಮ್ಯಾಥ್ಯೂ ಬ್ರೇಡಿ ಎಂಬಾತನು ಡಿಸ್ಟ್ರಿಕ್ಟ್ ಅಟಾರ್ನಿ, ಅಂದರೆ ಜಿಲ್ಲೆಯ ಸರಕಾರಿ ವಕೀಲನು. ಈ ಅಧಿಕಾರಿಯು ಆ ದೇಶದಲ್ಲಿ ಜನರ ಮತದಿಂದ ಆರಿಸಿಬರುವವನು. ಆದುದರಿಂದ ಜನರ ಕೋಪವನ್ನು ಎದುರಿಸಿ ಮೊಕದ್ದಮೆಯನ್ನು ಕೈಬಿಡುವುದು ಅವನಿಗೆ ಸುಲಭವಲ್ಲ. ಆಪಾದನೆಗೆ ಮೂಲಳಾದ ಡೆಲ್ಮಾಂಟಳ ಹೇಳಿಕೆಯು ದಿನಕ್ಕೊಂದು ಬಗೆಯಾಗಿ ತಿರುಗುತ್ತಿತ್ತು. ಸರಕಾರದ ಪಕ್ಷದವರು ಮೂರು ವಿಚಾರಣೆಗಳಲ್ಲಿ ಒಂದರಲ್ಲಿಯಾದರೂ ಆಕೆಯನ್ನು ಸಾಕ್ಷಿಯ ಕಟಕಟೆಗೆ ತರಲಿಲ್ಲವೆಂಬುದೊಂದೇ ಸಂಗತಿಯು ಸಾಕಷ್ಟು ಅರ್ಥಗರ್ಭಿತವಾಗಿದೆ. ಮೊದಲ ವಿಚಾರಣೆಯಲ್ಲಿ ಆರ್ಬಕಲ್ಲನು ತಾನೇ ಸಾಕ್ಷ್ಯ ನುಡಿದನು. ಡಿಸೆಂಬರು 4ರಂದು ಹನ್ನೆರಡು ಜೂರಿಗಳಲ್ಲಿ ಹತ್ತು ಮಂದಿ ಬಿಡುಗಡೆಯ ಕಡೆಗೂ ಇಬ್ಬರು ಶಿಕ್ಷೆಯ ಕಡೆಗೂ ನಿಂತುದರಿಂದ ತೀರ್ಪಾಗಲಿಲ್ಲ. 1922ರ ಜನವರಿಯಲ್ಲಿ ಎರಡನೆಯ ವಿಚಾರಣೆ ನಡೆಯಿತು. ಗೆಲವು ಕೈಯಲ್ಲೇ ಇದೆಯೆಂದು ನಂಬಿದ ಆತನ ವಕೀಲರು ಈ ಸಲ ಆತನನ್ನು ಕಟಕಟೆಗೆ ಕರೆಯಲಿಲ್ಲ. ಆ ಮೌನವನ್ನು ಜೂರಿಗಳು ಅಪರಾಧದ ಗುರುತೆಂದು ತಿಳಿದರು, ಹೆಚ್ಚಿನವರು ಶಿಕ್ಷೆಯ ಕಡೆಗೆ ವಾಲಿದರು, ಆಗಲೂ ಒಮ್ಮತವಾಗಲಿಲ್ಲ.

ಮೂರನೆಯ ವಿಚಾರಣೆಯು ಮಾರ್ಚಿಯಲ್ಲಿ ಆರಂಭವಾಗಿ ಏಪ್ರಿಲ್ 12ರಂದು ಮುಗಿಯಿತು. ಆರ್ಬಕಲ್ಲನು ಮತ್ತೆ ಸಾಕ್ಷ್ಯ ನುಡಿದನು. ಮೃತಳ ಮೂತ್ರಕೋಶದಲ್ಲಿ ಬಹುಕಾಲದ ರೋಗವಿದ್ದಿತೆಂಬುದಕ್ಕೆ ವೈದ್ಯರ ಪ್ರಮಾಣವು ಮುಂದೆ ಬಂದಿತು. ಜೂರಿಗಳು ಒಳಗೆ ಹೋದವರು ಆರೇ ನಿಮಿಷಗಳಲ್ಲಿ ಹೊರಗೆ ಬಂದು ಆತನು ನಿರಪರಾಧಿಯೆಂದರು. ಆ ಆರು ನಿಮಿಷಗಳಲ್ಲಿಯೂ ಹೆಚ್ಚಿನ ಭಾಗವು ತೀರ್ಮಾನಕ್ಕೆ ಹಿಡಿದುದಲ್ಲ, ಒಂದು ಬರೆಹವನ್ನು ಸಿದ್ಧಪಡಿಸುವುದಕ್ಕೆ ಹಿಡಿದುದು. ಕೇವಲ ಬಿಡುಗಡೆಯು ಸಾಲದೆಂದೂ, ಆತನಿಗೆ ಘೋರವಾದ ಅನ್ಯಾಯವಾಗಿದೆಯೆಂದೂ, ಆತನನ್ನು ಈ ಕೃತ್ಯಕ್ಕೆ ಸೇರಿಸಲು ಲೇಶಮಾತ್ರವೂ ಆಧಾರವಿಲ್ಲವೆಂದೂ ಜೂರಿಗಳು ಬರೆದು ರುಜುಮಾಡಿ ಓದಿಸಿದರು. ನ್ಯಾಯಸ್ಥಾನಗಳ ಚರಿತ್ರೆಯಲ್ಲಿ ಇದು ಅಪರೂಪವಾದ ಸಂಗತಿ. ವಾಸ್ತವವಾಗಿ ಬೇರೆಯಾಗಿಯೇ ಬಾಳುತ್ತಿದ್ದ ಪತ್ನಿ ಮಿಂಟಾ ಡರ್ಫಿಯು ಈ ಅವಧಿಯಲ್ಲೆಲ್ಲ ನ್ಯಾಯಸ್ಥಾನಕ್ಕೆ ಬಂದು ಆತನ ಪಕ್ಕದಲ್ಲಿ ನಿಂತಳೆಂಬುದನ್ನೂ ಇಲ್ಲಿ ಸ್ಮರಿಸತಕ್ಕದ್ದು. ವರ್ಜೀನಿಯಾ ರ‍್ಯಾಪಿಯ ವಿಷಯದಲ್ಲಿಯೂ ಒಂದು ಮಾತನ್ನು ಹೇಳದೆ ಬಿಡಲಾಗದು. ಸತ್ತ ಹೆಣ್ಣು ಉತ್ತರಕೊಡಲಾರಳೆಂಬ ಧೈರ್ಯದಿಂದ ಆಕೆಯ ನಡತೆಯನ್ನೂ ಜನರು ಮನಬಂದಂತೆ ಕೆಸರಿಗೆಳೆದರು. ಒಬ್ಬನ ಮೇಲಿನ ಅಪವಾದವನ್ನು ತೊಡೆಯಲು ಇನ್ನೊಬ್ಬಳ ಮೇಲೆ ಹೊರಿಸುವುದು ನ್ಯಾಯವಲ್ಲ. ಆಕೆಯು ರೋಗದಿಂದ, ಸಕಾಲಕ್ಕೆ ತಕ್ಕ ಚಿಕಿತ್ಸೆಯಿಲ್ಲದೆ ಸತ್ತ ದುರದೃಷ್ಟಶಾಲಿನಿ.

ಇಷ್ಟಾದ ಮೇಲೆ ಆತನ ಕಷ್ಟವು ತೀರಬೇಕಾಗಿತ್ತಷ್ಟೆ. ಹಾಗಾಗಲಿಲ್ಲ. ಚಿತ್ರೋದ್ಯಮದ ಮಾನವನ್ನು ಕಾಪಾಡಲು ಆ ವರ್ಷವೇ ನಿರ್ಮಾಪಕರು ಒಂದು ಸಂಘವನ್ನು ಕಟ್ಟಿ, ಅಂಚೆಖಾತೆಯ ಮಂತ್ರಿಯಾಗಿದ್ದ ವಿಲ್ ಹೇಸನನ್ನು ಅದಕ್ಕೆ ಅಧ್ಯಕ್ಷನನ್ನಾಗಿ ಮಾಡಿಕೊಂಡಿದ್ದರು. ಬಿಡುಗಡೆಯಾದ ಆರನೆಯ ದಿನ, ಏಪ್ರಿಲ್ 18ರಂದು, ಹೇಸನು ಆರ್ಬಕಲ್ಲನ ಚಿತ್ರಗಳನ್ನು ನಿಷೇಧಿಸಿದನು. ಡಿಸೆಂಬರಿನಲ್ಲಿ ನಿಷೇಧವನ್ನು ಹಿಂತೆಗೆದರೂ ಅದರಿಂದ ಪ್ರಯೋಜನವಾಗಲಿಲ್ಲ. ಪ್ರತಿಭಟನೆಗಳಿಗೆ ಹೆದರಿ ಆತನ ಮುಖವನ್ನು ತೆರೆಯ ಮೇಲೆ ತೋರಿಸಲು ದೊಡ್ಡ ಕಂಪನಿಗಳು ಮುಂದಾಗಲಿಲ್ಲ. ವಕೀಲರ ಶುಲ್ಕಕ್ಕಾಗಿ ಮನೆಯೂ ಮೋಟಾರುಗಳೂ ಹೋದುವು. ಮೂರು ಜೂರಿಗಳ ಮುಂದೆ ನಿಂತು ಕಡೆಗೆ ನಿರ್ದೋಷಿಯೆನಿಸಿಕೊಂಡವನಿಗೆ, ಮುಖವನ್ನೇ ನೋಡದ ಲಕ್ಷಾಂತರ ಜೂರಿಗಳು ಮನೆಮನೆಗಳಲ್ಲಿ ಕುಳಿತು ವಿಧಿಸಿದ ಶಿಕ್ಷೆಯ ಮೇಲೆ ಅಪೀಲು ಮಾಡಿಕೊಳ್ಳಲು ಯಾವ ನ್ಯಾಯಸ್ಥಾನವೂ ಇರಲಿಲ್ಲ.

ಷೆಂಕನೂ ಕೀಟನ್ನನೂ ಆತನ ಕೈಬಿಡಲಿಲ್ಲ. ತೆರೆಯ ಹಿಂದೆ ನಿಂತು ಇತರರ ಕಿರುಚಿತ್ರಗಳನ್ನು ನಿರ್ದೇಶಿಸುವ ಕೆಲಸವು ದೊರೆಯಿತು. ಹೆಸರು ಮಾತ್ರ ಬೇರೆಯಾಗಬೇಕಾಯಿತು. ಆತನು ವಿಲಿಯಂ ಗುಡ್ರಿಚ್ ಎಂಬ ಹೆಸರನ್ನು ಧರಿಸಿದನು. ಅದು ಆತನನ್ನು ಮಗನೆಂದು ಒಪ್ಪದಿದ್ದ ತಂದೆಯ ಹೆಸರಿನ ಮೊದಲ ಭಾಗ. ವಿಧಿಯ ವಿನೋದವು ಅಷ್ಟಕ್ಕೇ ನಿಲ್ಲಲಿಲ್ಲ. 1927ರಲ್ಲಿ ಮೇರಿಯನ್ ಡೇವಿಸ್ ಎಂಬ ನಟಿಯು ನಾಯಿಕೆಯಾಗಿದ್ದ ಒಂದು ದೊಡ್ಡ ಚಿತ್ರವನ್ನು ಆತನು ಈ ಹೆಸರಿನಲ್ಲಿಯೇ ನಿರ್ದೇಶಿಸಿದನು. ಅದನ್ನು ತಯಾರಿಸಿದುದು ಆಕೆಯ ಪೋಷಕನಾಗಿದ್ದ ಹರ್ಸ್ಟನ ಚಿತ್ರಸಂಸ್ಥೆ. ಆತನ ಹೆಸರನ್ನು ದಪ್ಪಕ್ಷರಗಳಲ್ಲಿ ಅಚ್ಚುಹಾಕಿ ಮಾರಿದ ಪತ್ರಿಕೆಗಳ ಯಜಮಾನನ ಚಿತ್ರದಲ್ಲಿಯೇ, ಅದೇ ಹೆಸರನ್ನು ಬಚ್ಚಿಟ್ಟುಕೊಂಡು ಆತನು ಕೂಲಿಮಾಡಬೇಕಾಯಿತು.

ಹನ್ನೊಂದು ವರ್ಷಗಳು ಕಳೆದುವು. ಮೂಕಚಿತ್ರಗಳು ಹೋಗಿ ವಾಕ್ಚಿತ್ರಗಳು ಬಂದುವು. 1932ರಲ್ಲಿ ವಾರ್ನರ್ ಸಹೋದರರ ಸಂಸ್ಥೆಯು ಧೈರ್ಯಮಾಡಿ ಆತನ ಸ್ವಂತ ಹೆಸರಿನಲ್ಲಿ ಎರಡು ಸುರುಳಿಗಳ ಹಾಸ್ಯಚಿತ್ರಗಳನ್ನು ತೆಗೆಯಿತು. ಬ್ರೂಕ್ಲಿನ್ನಿನಲ್ಲಿ ಒಟ್ಟು ಆರು ಚಿತ್ರಗಳಾದುವು. ಜನರು ನಕ್ಕರು. ಸಂಸ್ಥೆಯು ದೀರ್ಘಚಿತ್ರವೊಂದಕ್ಕೆ ಕರಾರು ಮಾಡಿಕೊಂಡಿತು. ಆ ಸಂತೋಷದ ಮರುದಿನವೇ, 1933ನೆಯ ಇಸವಿ ಜೂನ್ 29ನೆಯ ತಾರೀಖು, ನ್ಯೂಯಾರ್ಕಿನಲ್ಲಿ ಮಲಗಿದ್ದಲ್ಲಿಯೇ ಹೃದಯಸ್ತಂಭನದಿಂದ ಆತನು ಮೃತನಾದನು. ಆಗ ಆತನಿಗೆ 46 ವರ್ಷ.

ಆತನ ಚಿತ್ರಗಳಲ್ಲಿ ಅನೇಕವು ನಷ್ಟವಾದುವು. ಉಳಿದವು ಮೆಲ್ಲಮೆಲ್ಲಗೆ ಬೆಳಕಿಗೆ ಬರುತ್ತಿವೆ. ಕಳೆದುಹೋಯಿತೆಂದು ನಂಬಿದ್ದ 1918ರ ಚಿತ್ರವೊಂದರ ಪ್ರತಿಯು 1998ರಲ್ಲಿ ನಾರ್ವೆ ದೇಶದಲ್ಲಿ ದೊರಕಿತು. 2006ರಲ್ಲಿ ನ್ಯೂಯಾರ್ಕಿನ ಆಧುನಿಕ ಕಲಾಸಂಗ್ರಹಾಲಯವು ಆತನ ಚಿತ್ರಗಳನ್ನು ಸಾಲಾಗಿ ಪ್ರದರ್ಶಿಸಿತು. ಆದರೂ ಆತನ ಹೆಸರನ್ನೆತ್ತಿದೊಡನೆ ಜನರು ಮೊದಲು ಕೇಳುವುದು ಆ ಹೋಟೆಲಿನ ಕೋಣೆಯನ್ನು ಕುರಿತೇ.

ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡಬೇಕೆಂದು ನಮ್ಮ ಹಿರಿಯರು ಕಲಿಸಿದ್ದಾರೆ. ಕಾಣದೆ ಕೇಳಿದ್ದನ್ನೇ ಪ್ರಮಾಣವೆಂದು ಅಚ್ಚುಹಾಕುವುದೂ, ಅಚ್ಚಾದುದನ್ನೇ ಪ್ರಮಾಣವೆಂದು ನಂಬುವುದೂ ಒಂದೇ ದೋಷದ ಎರಡು ಮುಖಗಳು. ಇಂದು ಅಪವಾದವು ಅಚ್ಚಿನ ಮೊಳೆಗಾಗಿ ಕಾಯುವುದಿಲ್ಲ. ಅಂಗೈಯಲ್ಲಿರುವ ಫೋನಿನ ಮೂಲಕ ನಿಮಿಷಮಾತ್ರದಲ್ಲಿ ಊರನ್ನು ಸುತ್ತಿಬರುತ್ತದೆ. ಬಿಡುಗಡೆಯ ಸುದ್ದಿಯು ಈಗಲೂ ಕಾಲ್ನಡಿಗೆಯಲ್ಲಿಯೇ ಬರುತ್ತಿದೆ. ಅಪರಾಧಿಗಳನ್ನು ಬಯಲಿಗೆಳೆಯುವುದು ಪತ್ರಿಕೆಗಳ ಧರ್ಮವೆಂಬುದನ್ನು ನಾವು ಅಲ್ಲಗಳೆಯುವುದಿಲ್ಲ. ಪ್ರಬಲರ ತಪ್ಪನ್ನು ಮುಚ್ಚುವ ಪತ್ರಿಕೆಯು ಇದ್ದೂ ಇಲ್ಲದಂತೆ. ಆದರೆ ಆರೋಪವು ಆರೋಪವೆಂದೇ ವರದಿಯಾಗಲಿ. ಎರಡು ಪಕ್ಷದವರ ಮಾತಿಗೂ ಸ್ಥಳವು ದೊರೆಯಲಿ. ಮೊದಲ ಪುಟದಲ್ಲಿ ಆರೋಪವನ್ನು ಪ್ರಕಟಿಸಿದವರು ಖುಲಾಸೆಯನ್ನೂ ಅದೇ ಪುಟದಲ್ಲಿ, ಅದೇ ಗಾತ್ರದ ಅಕ್ಷರಗಳಲ್ಲಿ ಪ್ರಕಟಿಸಲಿ. ಇದಕ್ಕೆ ಹೊಸ ಕಾನೂನೇನೂ ಬೇಕಾಗಿಲ್ಲ. ಸಂಪಾದಕನ ಮನಸ್ಸೂ, ಅಂತಹ ಪುಟವನ್ನು ತಾಳ್ಮೆಯಿಂದ ಓದುವ ವಾಚಕರ ಮನಸ್ಸೂ ಇದ್ದರೆ ಸಾಕು.